ತೆರೆಯ ಮೇಲಿನ ತೆಪ್ಪ

ಪೆಸಿಫಿಕ್ ಸಾಗರದ ಪಾಲಿನೇಷ್ಯಾ ದ್ವೀಪಗಳಿಗೆ ಮೊದಲ ಜನ ಎಲ್ಲಿಂದ ಬಂದರು? ದಕ್ಷಿಣ ಅಮೆರಿಕದಿಂದ ಎಂದ ನಾರ್ವೆಯ ಥಾರ್ ಹೆಯರ್‌ಡಾಲ್‌ನ ಮಾತನ್ನು ವಿದ್ವಾಂಸರು ಒಪ್ಪಲಿಲ್ಲ. ಬಾಲ್ಸಾ ಮರದ ತೆಪ್ಪ ಅಷ್ಟು ದೂರ ತೇಲದು ಎಂಬುದು ಅವರ ಆಕ್ಷೇಪಗಳಲ್ಲೊಂದು.

ಹೆಯರ್‌ಡಾಲ್ ಅಂಥದೇ ತೆಪ್ಪ ಕಟ್ಟಿ ‘ಕಾನ್-ಟಿಕಿ’ ಎಂದು ಹೆಸರಿಟ್ಟ. 1947ರ ಏಪ್ರಿಲ್ 28ರಂದು ಐವರು ಸಂಗಡಿಗರೊಡನೆ ಪೆರು ದೇಶದಿಂದ ಹೊರಟ. 101 ದಿನಗಳ ನಂತರ ತೆಪ್ಪ ಪಾಲಿನೇಷ್ಯಾದ ರರೋಯಿಯಾ ಹವಳದಿಬ್ಬಕ್ಕೆ ಬಡಿಯಿತು. ಆರೂ ಮಂದಿ ಬದುಕುಳಿದರು. ಜತೆಗೆ ಕ್ಯಾಮೆರಾ ಇತ್ತು. 1950ರಲ್ಲಿ ತೆರೆಕಂಡ ಸಾಕ್ಷ್ಯಚಿತ್ರದಲ್ಲಿ ನಟರಿಲ್ಲ. ಗಡ್ಡ ಬೆಳೆದ ಆ ಯಾತ್ರಿಕರೇ ಇದ್ದಾರೆ. 1952ರಲ್ಲಿ ಅದಕ್ಕೆ ಆಸ್ಕರ್ ಬಂತು.

ನೋಡಿದವರಿಗೆ ಯಾತ್ರೆಯ ಜತೆಗೆ ವಾದವೂ ನಿಜವೆನಿಸುವುದು ಸಹಜ. ತೊಡಕಿರುವುದು ಇಲ್ಲೇ. ಹೋಗಬಹುದು ಎಂಬುದಕ್ಕೆ ಚಿತ್ರ ಸಾಕ್ಷಿ. ಹಿಂದೆ ಹೋಗಿದ್ದರು ಎಂಬುದಕ್ಕಲ್ಲ. ಭಾಷೆ, ಉತ್ಖನನ, ವಂಶವಾಹಿಗಳ ಅಧ್ಯಯನ ಮೂರೂ ಪಾಲಿನೇಷ್ಯನ್ನರ ಮೂಲವನ್ನು ಏಷ್ಯಾದ ಕಡೆಗೇ ತೋರಿಸುತ್ತವೆ. ಆದರೂ ಹೆಯರ್‌ಡಾಲ್‌ನ ಊಹೆ ಪೂರ್ತಿ ಹುಸಿಯಲ್ಲ. ಕ್ರಿ.ಶ. 1200ರ ಸುಮಾರಿಗೆ ಪಾಲಿನೇಷ್ಯನ್ನರಿಗೂ ಅಮೆರಿಕದ ಮೂಲನಿವಾಸಿಗಳಿಗೂ ರಕ್ತಸಂಬಂಧ ಬೆಳೆದಿತ್ತೆಂದು 2020ರ ಡಿಎನ್‌ಎ ಸಂಶೋಧನೆ ತಿಳಿಸಿತು. ಯಾರು ಯಾರತ್ತ ಹೋದರೆಂಬುದು ಇನ್ನೂ ಒಗಟು. ಸಾಹಸಿಯ ಮುಖ ತೆರೆಯ ಮೇಲೆ ಎಷ್ಟೇ ನಿಚ್ಚಳವಾಗಿದ್ದರೂ ಚರಿತ್ರೆ ಬೇರೆ ಸಾಕ್ಷಿಗಳನ್ನು ಕೇಳುತ್ತದೆ.