ಸೆಪ್ಟೆಂಬರ್ 17ರ ಹಿಂದಿನ ಹತ್ತು ವರ್ಷ

1938ರ ಸೆಪ್ಟೆಂಬರ್‌ನಲ್ಲಿ ನಿಜಾಮನ ಸರ್ಕಾರ ಇನ್ನೂ ಹುಟ್ಟದೇ ಇದ್ದ ಸಂಸ್ಥೆಯೊಂದನ್ನು ನಿಷೇಧಿಸಿತು. ಹೈದರಾಬಾದ್ ಸ್ಟೇಟ್ ಕಾಂಗ್ರೆಸ್ಸಿಗೆ ಆಗ ಇದ್ದದ್ದು ಒಂದು ತಾತ್ಕಾಲಿಕ ಸಮಿತಿ ಮಾತ್ರ. ಅದು ಕೇಳಿದ್ದಾದರೂ ಏನು? ನಿಜಾಮನ ಅಸಫ್ ಜಾಹಿ ಮನೆತನದ ಆಶ್ರಯದಲ್ಲಿಯೇ ಪ್ರಜೆಗಳಿಗೆ ಉತ್ತರ ಹೇಳುವ ಜವಾಬ್ದಾರಿ ಸರ್ಕಾರ. ನಿಜಾಮನನ್ನು ಗಾದಿಯಿಂದ ಇಳಿಸಿ ಎಂದು ಯಾರೂ ಅಂದಿರಲಿಲ್ಲ. ಆದರೆ ಅದು ಸಭೆ ಕೂಡಿಸುವುದಕ್ಕೂ ಅಪ್ಪಣೆ ಬೇಡುವ 'ಗಸ್ತಿ ನಿಶಾನ್ 53' ಸುತ್ತೋಲೆಯ ರಾಜ್ಯ. ಅಷ್ಟು ಕೇಳಿದ್ದೇ ಅಪರಾಧವಾಯಿತು.

ಅಕ್ಟೋಬರ್ 24ಕ್ಕೆ ಸತ್ಯಾಗ್ರಹ ಶುರುವಾಯಿತು. ಸ್ವಾಮಿ ರಾಮಾನಂದ ತೀರ್ಥರು ಸೇರಿ ಕಾರ್ಯಕರ್ತರು ತಂಡ ತಂಡವಾಗಿ ಜೈಲು ಸೇರಿದರು. ಡಿಸೆಂಬರ್‌ನಲ್ಲಿ ಗಾಂಧೀಜಿಯ ಸಲಹೆಯಂತೆ ಚಳವಳಿ ನಿಂತಿತು. ನಿಷೇಧ ಮಾತ್ರ 1946ರ ತನಕ ಮುಂದುವರಿಯಿತು. ಆಮೇಲಿನ ಕಥೆ ಸೇಡಂ, ಚಿತ್ತಾಪುರ, ಚಿಂಚೋಳಿಯ ಮುದುಕರ ಬಾಯಲ್ಲಿ 'ರಜಾಕಾರರ (ನಿಜಾಮನ ಪರದ ಖಾಸಗಿ ಪಡೆಯ) ಹಾವಳಿ' ಎಂಬ ಎರಡೇ ಮಾತಿನಲ್ಲಿದೆ: ಗಡಿಯಾಚೆಯ ಮುಂಡರಗಿಯಲ್ಲಿ ಅಳವಂಡಿ ಶಿವಮೂರ್ತಿಸ್ವಾಮಿಗಳು ನಡೆಸಿದಂಥ ಶಿಬಿರಗಳು, ಕರೋಡಗಿರಿ (ಸುಂಕದ) ನಾಕಾಗಳ ಮೇಲೆ ದಾಳಿ, ಸಿಂದಿ ಗಿಡ ಕಡಿಯುವ ಚಳವಳಿ, 1948ರ ಮೇ ತಿಂಗಳಲ್ಲಿ ಬೀದರ ಜಿಲ್ಲೆಯ ಗೋರಟಾದಲ್ಲಿ ರಜಾಕಾರರು ನಡೆಸಿದ ಹತ್ಯಾಕಾಂಡ, ಕೊನೆಗೆ ಸೆಪ್ಟೆಂಬರ್ 13ರಿಂದ 17ರವರೆಗಿನ ಸೈನಿಕ ಕಾರ್ಯಾಚರಣೆ. ಅದಕ್ಕೆ ಭಾರತ ಸರ್ಕಾರ ಕೊಟ್ಟ ಹೆಸರು 'ಪೊಲೀಸ್ ಆಕ್ಷನ್'.

ತುಳಿಯಲ್ಪಟ್ಟ ಚಳವಳಿಯೊಂದು ಗೆದ್ದ ಮೇಲೆ ಅದನ್ನು ಯಾರು ಬರೆಯುತ್ತಾರೆ? ಇಲ್ಲಿ ಮೊದಲು ಬರೆದವರು ಅಧಿಕಾರದ ಆಸುಪಾಸಿನವರು. ಸಂಸ್ಥಾನಗಳ ವಿಲೀನದ ಬಗ್ಗೆ ವಿ.ಪಿ. ಮೆನನ್ 1956ರಲ್ಲಿ ಬರೆದರು. ಹೈದರಾಬಾದಿನಲ್ಲಿ ಭಾರತದ ಪ್ರತಿನಿಧಿಯಾಗಿದ್ದ ಕೆ.ಎಂ. ಮುನ್ಶಿ ಮರುವರ್ಷ ಬರೆದರು. ನಿಜಾಮನ ಕೊನೆಯ ಪ್ರಧಾನಿ ಲಾಯಕ್ ಅಲಿ ಪಾಕಿಸ್ತಾನಕ್ಕೆ ಹೋಗಿ 1962ರಲ್ಲಿ ತಮ್ಮ ಪಾಲಿನ ದುರಂತ ಬರೆದುಕೊಂಡರು. ಮೂವರದೂ ಒಪ್ಪಂದ, ಪತ್ರ, ಸಂಧಾನಗಳ ಚರಿತ್ರೆ. ಕಲಬುರಗಿ ಜಿಲ್ಲೆ ಅದರಲ್ಲಿ ನಕಾಶೆಯ ಮೇಲಿನ ಹೆಸರು ಅಷ್ಟೆ.

ಚಳವಳಿಯ ಒಳಗಿನ ದನಿ ಕೇಳಿಸಿದ್ದು 1967ರಲ್ಲಿ, ರಾಮಾನಂದ ತೀರ್ಥರ ನೆನಪುಗಳು ಅಚ್ಚಾದಾಗ. 1972ರಲ್ಲಿ ಪಿ. ಸುಂದರಯ್ಯನವರ ತೆಲಂಗಾಣ ರೈತ ಹೋರಾಟದ ದೊಡ್ಡ ಗ್ರಂಥ ಬಂತು. ಅಲ್ಲಿಂದ ಹೈದರಾಬಾದ್ ಎಂದರೆ ತೆಲಂಗಾಣ ಎಂಬಂತಾಯಿತು. ಮರಾಠವಾಡ ತನ್ನ ಪಾಲನ್ನು ಮರಾಠಿಯಲ್ಲಿ ಬರೆದುಕೊಂಡಿತು. ನಡುವೆ ಸಿಕ್ಕ ಕನ್ನಡದ ಮೂರು ಜಿಲ್ಲೆಗಳು, ಬೀದರ, ಗುಲಬರ್ಗಾ (ಈಗಿನ ಕಲಬುರಗಿ), ರಾಯಚೂರು, ಎರಡೂ ಕಡೆಯ ಅಡಿಟಿಪ್ಪಣಿಯಾದವು.

ನಮ್ಮಲ್ಲಿ ನೆನಪು ಉಳಿದದ್ದು ಬೇರೆ ದಾರಿಯಲ್ಲಿ, ಅದರ ಬಗ್ಗೆ ಹೆಚ್ಚು ಚರ್ಚೆಯಾಗಿಲ್ಲ. ಸ್ವಾತಂತ್ರ್ಯ ಯೋಧರ ಪಿಂಚಣಿ ಯೋಜನೆ 1972ರಲ್ಲಿ ಬಂತು. ಮುಂದೆ ಗಡಿ ಶಿಬಿರದಲ್ಲಿದ್ದವರೂ ಅದಕ್ಕೆ ಅರ್ಹರಾದರು. ಯಾವ ಶಿಬಿರ, ಎಷ್ಟು ತಿಂಗಳು, ಸಾಕ್ಷಿ ಹೇಳುವವರು ಯಾರು ಎಂದು ಅರ್ಜಿ ಕೇಳುತ್ತಿತ್ತು. ಹೀಗೆ ಹೋರಾಟದ ನೆನಪು ಅರ್ಜಿಯ ಅಚ್ಚಿಗೆ ಇಳಿಯಿತು. ಶಿಬಿರಕ್ಕೆ ಹೋದವನಿಗೆ ದಾಖಲೆ ಸಿಕ್ಕಿತು. ರಾತ್ರಿ ಅವನಿಗೆ ರೊಟ್ಟಿ ಬಡಿದುಕೊಟ್ಟವಳಿಗೆ ಸಿಗಲಿಲ್ಲ. ಈ ಅರ್ಜಿಗಳ ಕಟ್ಟುಗಳನ್ನು ಚರಿತ್ರೆಕಾರರು ಮುಟ್ಟಿದರೆ ಹಳ್ಳಿವಾರು ಹೋರಾಟದ ನಕಾಶೆಯೇ ಸಿಕ್ಕೀತು, ಸುಳ್ಳುಗಳನ್ನು ಜರಡಿ ಹಿಡಿಯುವ ತಾಳ್ಮೆ ಇದ್ದರೆ.

2000ದ ಸುಮಾರಿಗೆ ಅಧ್ಯಯನ ಹೊರಳಿತು. ಚರಿತ್ರೆಕಾರರಾದ ಲೂಸಿಯನ್ ಬೆನಿಶೂ, ಮಾರ್ಗ್ರಿಟ್ ಪೆರ್ನಾವ್ ಪತ್ರಾಗಾರಗಳಲ್ಲಿ ಕೂತು, ಹಿಂದೂ ಪ್ರಜೆ ಮುಸ್ಲಿಂ ದೊರೆ ಎಂಬ ಸಲೀಸು ಚಿತ್ರವನ್ನು ಕದಲಿಸಿದರು. ಆ ಚಿತ್ರಕ್ಕೆ ಒಗ್ಗದಂತೆ, ಭಾರತದೊಂದಿಗೆ ವಿಲೀನವಾಗಬೇಕೆಂದು ಬರೆದ 'ಇಮ್ರೋಜ್' ಪತ್ರಿಕೆಯ ಸಂಪಾದಕ ಶೋಯೆಬುಲ್ಲಾ ಖಾನ್ 1948ರ ಆಗಸ್ಟ್‌ನಲ್ಲಿ ಕೊಲೆಯಾಗಿದ್ದರು. ವಿಮೋಚನೆಯ ಭಾಷಣಗಳಲ್ಲಿ ಆ ಹೆಸರು ಇಂದಿಗೂ ಅಪರೂಪ.

ಅದಕ್ಕಿಂತ ಭಾರವಾದದ್ದು ಪಂಡಿತ ಸುಂದರಲಾಲ್ ಸಮಿತಿಯ ವರದಿ. ಸೇನೆ ಬಂದ ಮೇಲೆ ಮುಸ್ಲಿಮರ ಮೇಲೆ ನಡೆದ ಹಿಂಸೆಯನ್ನು ವಿಚಾರಿಸಲು ನೆಹರೂ ಕಳಿಸಿದ್ದ ಸಮಿತಿ ಅದು. ಸತ್ತವರು 27,000ದಿಂದ 40,000 ಎಂದು ಅದು ಅಂದಾಜಿಸಿತು. ಅತಿ ಹೆಚ್ಚು ನಲುಗಿದ ನಾಲ್ಕು ಜಿಲ್ಲೆಗಳಲ್ಲಿ ಉಸ್ಮಾನಾಬಾದ್, ನಾಂದೇಡ್, ಬೀದರ ಜೊತೆಗೆ ನಮ್ಮ ಗುಲಬರ್ಗಾವೂ ಒಂದು. ಸರ್ಕಾರ ವರದಿಯನ್ನು ಪ್ರಕಟಿಸಲಿಲ್ಲ. ದಶಕಗಳ ನಂತರ ಎ.ಜಿ. ನೂರಾನಿ ತಮ್ಮ ಪುಸ್ತಕದಲ್ಲಿ ಅದನ್ನು ಅಚ್ಚು ಹಾಕಿದಾಗ ಸಾಮಾನ್ಯ ಓದುಗರ ಕೈಗೆ ಬಂತು. ಗೋರಟಾದ ಸಾವನ್ನು ನೆನೆಯುವವರು ಈ ವರದಿಯನ್ನು ಓದುವುದಿಲ್ಲ, ಇದನ್ನು ಓದುವವರು ಗೋರಟಾಕ್ಕೆ ಹೋಗುವುದಿಲ್ಲ. ಈ ವಿಷಯದ ಬರವಣಿಗೆಯ ದೊಡ್ಡ ಊನ ಇದೇ ಎಂದು ನನ್ನ ಎಣಿಕೆ.

ನೆನಪಿನ ಆಚರಣೆಯ ವಿಷಯದಲ್ಲಿ 1989ರ ಬೀಜಿಂಗ್ ಚಳವಳಿಗೆ ಆದದ್ದು ನಮ್ಮದರ ತಿರುವು ಮುರುವು. ತಿಯಾನನ್ಮೆನ್ ಚೌಕದ ಹೆಸರೆತ್ತುವುದಕ್ಕೇ ಅಲ್ಲಿ ತಡೆ. ಹಾಂಗ್‌ಕಾಂಗಿನಲ್ಲಿ 1990ರಿಂದ 2019ರವರೆಗೆ ಪ್ರತಿ ಜೂನ್ 4ಕ್ಕೆ ಹಚ್ಚುತ್ತಿದ್ದ ಮೇಣದಬತ್ತಿಗೂ 2020ರಿಂದ ನಿಷೇಧ. ಅಲ್ಲಿ ದಿನವಿದೆ, ಆಚರಣೆಗೆ ಅಪ್ಪಣೆಯಿಲ್ಲ. ಇಲ್ಲಿ ಆಚರಣೆಗೇನೂ ಕೊರತೆಯಿಲ್ಲ. ಮಹಾರಾಷ್ಟ್ರಕ್ಕೆ ಸೆಪ್ಟೆಂಬರ್ 17 ಮರಾಠವಾಡ ಮುಕ್ತಿ ಸಂಗ್ರಾಮ ದಿನ. ತೆಲಂಗಾಣದಲ್ಲಿ 2022ಕ್ಕೆ ಏಕತಾ ದಿನ, 2024ಕ್ಕೆ ಪ್ರಜಾಪಾಲನಾ ದಿನ. ಕೇಂದ್ರಕ್ಕೆ ಹೈದರಾಬಾದ್ ವಿಮೋಚನಾ ದಿನ. ನಮಗೆ 2019ರಿಂದ ಕಲ್ಯಾಣ ಕರ್ನಾಟಕ ಉತ್ಸವ. ಎಲ್ಲವೂ ಸೇನೆ ಗೆದ್ದ ತಾರೀಖು. ಅಕ್ಟೋಬರ್ 24 ಯಾರಿಗೂ ಬೇಡ.

   

1938ರ ಜವಾಬ್ದಾರಿ ಸರ್ಕಾರದ ಬೇಡಿಕೆ ಮುಂದೆ ಹಿಂದುಳಿದಿರುವಿಕೆಯ ಪ್ರಶ್ನೆಯಾಗಿ ಎದ್ದಿತು. 2002ರ ನಂಜುಂಡಪ್ಪ ವರದಿ ಗುರುತಿಸಿದ 39 ಅತ್ಯಂತ ಹಿಂದುಳಿದ ತಾಲ್ಲೂಕುಗಳಲ್ಲಿ 21 ಗುಲಬರ್ಗಾ ವಿಭಾಗದವು. ಚಿಂಚೋಳಿಯ ವೈಜನಾಥ ಪಾಟೀಲರು ವಿಶೇಷ ಸ್ಥಾನಮಾನಕ್ಕಾಗಿ ವರ್ಷಗಟ್ಟಲೆ ಹೋರಾಡಿದರು. ತೆಲಂಗಾಣವೂ ಸೇರಿದ್ದ ಆಂಧ್ರಪ್ರದೇಶಕ್ಕೆ ಸಂವಿಧಾನ ಕೊಟ್ಟಿದ್ದ 371(ಡಿ) ಕಲಂ ಅವರ ಮುಂದಿದ್ದ ಮಾದರಿ. 2012ರ 98ನೇ ತಿದ್ದುಪಡಿ 371(ಜೆ) ತಂದಿತು. ಸಂಸತ್ತಿನಲ್ಲಿ ಅದರ ಬೆನ್ನಿಗಿದ್ದ ಮಲ್ಲಿಕಾರ್ಜುನ ಖರ್ಗೆಯವರು ರಜಾಕಾರರ ಕಾಲದ ಬೆಂಕಿಯಲ್ಲಿ ತಾಯಿಯನ್ನು ಕಳೆದುಕೊಂಡವರು. ಈ ಕಲಂ ಕುರಿತ ಲೇಖನಗಳೆಲ್ಲ ಮೀಸಲಾತಿಯ ಶೇಕಡಾವಾರು, ಮಂಡಳಿಯ ಅನುದಾನಗಳ ಲೆಕ್ಕ. 1938ರ ಬೇಡಿಕೆಗೂ ಇದಕ್ಕೂ ಇರುವ ಕೊಂಡಿಯನ್ನು ಹಿಡಿದು ಬರೆದವರು ಕಡಿಮೆ.

ಬರೆಯಲು ಒಂದು ಅಡಚಣೆಯೂ ಇದೆ. ಆ ಕಾಲದ ಪೊಲೀಸ್, ಕಂದಾಯ, ಜೈಲು ಕಾಗದಗಳು ಬಹುಪಾಲು ಉರ್ದುವಿನಲ್ಲಿವೆ, ಹೈದರಾಬಾದಿನ ತಾರ್ನಾಕಾ ಪತ್ರಾಗಾರದಲ್ಲಿವೆ. ವಾಡಿಯಿಂದ ಸಿಕಂದರಾಬಾದಿಗೆ 1874ರಿಂದಲೂ ರೈಲಿದೆ. ಉರ್ದು ಓದಬಲ್ಲ ಕನ್ನಡ ಸಂಶೋಧಕರು ಆ ರೈಲು ಹತ್ತಬೇಕಾಗಿದೆ.