ರನ್‌ವೇಗೂ ಮೊದಲು ಅಲ್ಲಿ ನೆಲ ಇತ್ತು: ಸೋಗಾನೆ ವಿಮಾನ ನಿಲ್ದಾಣದ ಇನ್ನೊಂದು ಚರಿತ್ರೆ

ಸ್ವಲ್ಪ ಉದ್ದದ ಪೋಸ್ಟ್ ಇದು, ಪುರುಸೊತ್ತು ಮಾಡ್ಕೊಂಡು ಓದಿ.

ಶಿವಮೊಗ್ಗ ವಿಮಾನ ನಿಲ್ದಾಣದ ಬಗ್ಗೆ ಯಾರನ್ನಾದ್ರೂ ಕೇಳಿ, ಎರಡು ಜಗಳ ನೆನಪು ಮಾಡ್ಕೋತಾರೆ. ಒಂದು, ಟರ್ಮಿನಲ್ ಕಮಲದ ಆಕಾರದಲ್ಲಿದೆ ಅನ್ನೋದು. ಇನ್ನೊಂದು, ಯಾರ ಹೆಸರು ಇಡಬೇಕು ಅನ್ನೋದು. ಯಡಿಯೂರಪ್ಪನವರ ಹೆಸರು ಬಂತು, ಅವರೇ ಬೇಡ ಅಂದರು, ಕೊನೆಗೆ ರಾಷ್ಟ್ರಕವಿ ಕುವೆಂಪು ಹೆಸರು ನಿಂತಿತು. ಆಕಾರದ ಚರ್ಚೆ ಆಯ್ತು, ಹೆಸರಿನ ಚರ್ಚೆ ಆಯ್ತು. ನೆಲದ ಚರ್ಚೆ ಮಾತ್ರ ಅಷ್ಟು ಜೋರಾಗಿ ಆಗಲೇ ಇಲ್ಲ. ಇವತ್ತು ನಾನು ಬರೀತಿರೋದು ನೆಲದ ಬಗ್ಗೆ.

ಮೊದಲು ಎಲ್ಲರಿಗೂ ಗೊತ್ತಿರುವ ಚರಿತ್ರೆ ನೋಡೋಣ. ಶಿವಮೊಗ್ಗ ಮತ್ತು ಕಲಬುರಗಿ, ಈ ಎರಡೂ ಕಡೆ ಖಾಸಗಿ ಸಹಭಾಗಿತ್ವದಲ್ಲಿ ವಿಮಾನ ನಿಲ್ದಾಣ ಕಟ್ಟುವ ಕೆಲಸ 2008ರಲ್ಲಿ ಶುರುವಾಯಿತು. ಗುತ್ತಿಗೆ ಹಿಡಿದ ಕೂಟದಲ್ಲಿ ಮೇಟಾಸ್ ಕಂಪನಿ ಇತ್ತು. ಸತ್ಯಂ ಹೆಸರನ್ನ ಇಂಗ್ಲಿಷಲ್ಲಿ ಹಿಂದುಮುಂದಾಗಿ ಬರೆದ್ರೆ ಮೇಟಾಸ್. ಎರಡರ ಹಿಂದೆಯೂ ಇದ್ದದ್ದು ರಾಮಲಿಂಗರಾಜು ಕುಟುಂಬವೇ. 2009ರ ಜನವರಿಯಲ್ಲಿ ಸತ್ಯಂ ಹಗರಣ ಸಿಡಿಯಿತು, ಮೇಟಾಸ್ ಕೂಡ ನೆಲ ಕಚ್ಚಿತು. ಸೋಗಾನೆಯಲ್ಲಿ ಕೆಲಸ ಕುಂಟುತ್ತಾ ಹೋಗಿ ನಿಂತೇಬಿಟ್ಟಿತು. 2015ರಲ್ಲಿ ಸರ್ಕಾರ ಗುತ್ತಿಗೆ ರದ್ದು ಮಾಡಿತು. 2020ರಲ್ಲಿ ಸರ್ಕಾರದ್ದೇ ದುಡ್ಡಲ್ಲಿ ಕೆಲಸ ಮತ್ತೆ ಶುರು. ಮೊದಲು ಎಟಿಆರ್‌ನಂಥ ಸಣ್ಣ ವಿಮಾನಕ್ಕೆಂದು ಹಾಕಿದ್ದ ಲೆಕ್ಕ ಏರ್‌ಬಸ್ ಇಳಿಯೋ ಹಾಗೆ ಬದಲಾಯ್ತು. ರನ್‌ವೇ 3,200 ಮೀಟರ್ ಆಯ್ತು, ಖರ್ಚು ಸುಮಾರು 450 ಕೋಟಿ ರೂಪಾಯಿಗೆ ಹೋಯ್ತು. 2023ರ ಫೆಬ್ರವರಿ 27ಕ್ಕೆ ಪ್ರಧಾನಿ ಬಂದು ಉದ್ಘಾಟನೆ ಮಾಡಿದರು. ಆಗಸ್ಟ್ 31ಕ್ಕೆ ಬೆಂಗಳೂರಿಂದ ಮೊದಲ ಪ್ರಯಾಣಿಕ ವಿಮಾನ ಬಂತು. ಅಷ್ಟುದ್ದದ ರನ್‌ವೇ ಮೇಲೆ ಅವತ್ತು ಬಂದಿಳಿದದ್ದು ಎಟಿಆರ್!

ಕಂಪನಿ ಹೋಯ್ತು, ಗುತ್ತಿಗೆ ಹೋಯ್ತು, ಮುಖ್ಯಮಂತ್ರಿಗಳು ಬಂದರು ಹೋದರು. ಭೂಮಿ ಮಾತ್ರ ವಾಪಸ್ ಹೋಗಲಿಲ್ಲ. 2013ರ ಭೂಸ್ವಾಧೀನ ಕಾಯಿದೆಯ 101ನೇ ಕಲಂ ಪ್ರಕಾರ, ಸ್ವಾಧೀನ ಮಾಡಿಕೊಂಡ ಭೂಮಿಯನ್ನ ಐದು ವರ್ಷ ಬಳಸದೇ ಬಿಟ್ಟರೆ ಅದು ಮೂಲ ಮಾಲೀಕರಿಗೋ ಸರ್ಕಾರದ ಭೂ ಬ್ಯಾಂಕಿಗೋ ಹೋಗಬೇಕು. ಆದರೆ ಅದು ಆ ಕಾಯಿದೆಯಡಿ ಪಡೆದ ಭೂಮಿಗೆ ಮಾತ್ರ. ಕಾಯಿದೆ ಜಾರಿಗೆ ಬಂದದ್ದೇ 2014ರ ಜನವರಿ 1ಕ್ಕೆ. ಭೂಮಿ ಕಳಕೊಂಡವರು ನಿವೇಶನ ಕೊಡಿ ಅಂತ ಉದ್ಘಾಟನೆ ಆದಮೇಲೂ ಬೀದಿಗೆ ಬರಬೇಕಾಯ್ತು. ಇವರಾದ್ರೂ ಪಹಣಿಯಲ್ಲಿ ಹೆಸರಿದ್ದವರು. ಪಹಣಿಯಲ್ಲಿ ಹೆಸರೇ ಇಲ್ಲದವರ ಕತೆ ಏನು?

ಅದಕ್ಕೆ ಶಿವಮೊಗ್ಗ ಜಿಲ್ಲೆಯ ಭೂಮಿಯ ಚರಿತ್ರೆಯನ್ನ ಕೊಂಚ ಹಿಂದಕ್ಕೆ ಹೋಗಿ ಓದಬೇಕು. 1951ರ ಕಾಗೋಡು ಸತ್ಯಾಗ್ರಹ ಈ ಜಿಲ್ಲೆಯದ್ದು. ಅದು ಗೇಣಿದಾರರ ಹೋರಾಟ, ದೊಡ್ಡ ಹೋರಾಟ, ಅದರ ಬಗ್ಗೆ ನನಗೆ ಗೌರವ ಇದೆ. ಅಲ್ಲಿಂದ ಎದ್ದ ದನಿ 1974ರ ಭೂಸುಧಾರಣೆವರೆಗೂ ಬಂತು. ಗೇಣಿದಾರರು ಫಾರಂ 7 ತುಂಬಿ ಭೂ ನ್ಯಾಯಮಂಡಳಿ ಮುಂದೆ ನಿಂತರು, ಸಾವಿರಾರು ಕುಟುಂಬಗಳು ಒಡೆಯರಾದವು. ಆದರೆ ಫಾರಂ 7 ತುಂಬೋಕೆ ನೀವು ಗೇಣಿದಾರ ಆಗಿರಬೇಕಿತ್ತು. ನಮ್ಮ ಕೇರಿಯವರಲ್ಲಿ ಹೆಚ್ಚಿನವರು ಗೇಣಿದಾರರಲ್ಲ. ಅವರು ಕೂಲಿ, ಅವರು ಜೀತ. ನೇಗಿಲು ಹಿಡಿದ ಕೈ ಅವರದ್ದೇ ಆಗಿದ್ರೂ ಲೆಕ್ಕದ ಪುಸ್ತಕದಲ್ಲಿ ಅವರಿಗೆ ಜಾಗ ಇರಲಿಲ್ಲ. ಉಳುವವನೇ ಹೊಲದೊಡೆಯ ಅಂದಾಗ ಉಳುವವನು ಯಾರು ಅಂತ ತೀರ್ಮಾನ ಮಾಡಿದ್ದು ಕಾಗದ.

ಅವರಿಗೆ ಉಳಿದ ದಾರಿ ಒಂದೇ: ಸರ್ಕಾರಿ ಜಮೀನು. ಗೋಮಾಳದಂಚು, ಖರಾಬು, ಕಲ್ಲು ಗುಡ್ಡ. ಕಲ್ಲು ಆರಿಸಿ, ಮುಳ್ಳು ಕಡಿದು, ಮಳೆ ನಂಬಿ ಹದ ಮಾಡಿದ ನೆಲ. ಕಂದಾಯ ಇಲಾಖೆ ಭಾಷೆಯಲ್ಲಿ ಅದು ಬಗರ್ ಹುಕುಂ, ಅಂದ್ರೆ ಹುಕುಂ ಇಲ್ಲದ ಸಾಗುವಳಿ. 1991ರಲ್ಲಿ ಫಾರಂ 50, ಆಮೇಲೆ ಫಾರಂ 53, 2018ರಲ್ಲಿ ಫಾರಂ 57. ಅಪ್ಪ 50 ಹಾಕಿದ್ದ, ಮಗ 53 ಹಾಕಿದ, ಮೊಮ್ಮಗ 57 ಹಾಕ್ಕೊಂಡು ತಾಲ್ಲೂಕು ಆಫೀಸಿಗೆ ಓಡಾಡ್ತಿದ್ದಾನೆ. ಇಂಥ ಮನೆಗಳನ್ನ ನಾನು ಕಂಡಿದ್ದೀನಿ, ನೀವೂ ಕಂಡಿರ್ತೀರಿ.

ಇದು ಅಂಬೇಡ್ಕರ್‌ವಾದಿಗಳ ಹಳೇ ಬೇಡಿಕೆ. 1947ರಲ್ಲಿ ಬಾಬಾಸಾಹೇಬರು ‘ರಾಜ್ಯಗಳು ಮತ್ತು ಅಲ್ಪಸಂಖ್ಯಾತರು’ ಬರೆದಾಗ, ಸಾಗುವಳಿ ಆಗದ ಸರ್ಕಾರಿ ಭೂಮಿಯನ್ನ ಪರಿಶಿಷ್ಟರ ವಸತಿಗೆ ಕಾದಿರಿಸೋಕೆ ಒಂದು ಆಯೋಗ ಬೇಕು ಅಂದಿದ್ರು. ದಾದಾಸಾಹೇಬ್ ಗಾಯಕ್ವಾಡರು 1959ರಲ್ಲಿ, ಮತ್ತೆ 1964ರಲ್ಲಿ ಭೂಹೀನರ ಸತ್ಯಾಗ್ರಹ ಕಟ್ಟಿದ್ದು ಇದೇ ದಾರಿಯಲ್ಲಿ. 1970ರ ದಶಕದಲ್ಲಿ ಪ್ರೊ. ಬಿ. ಕೃಷ್ಣಪ್ಪನವರು ದಲಿತ ಸಂಘರ್ಷ ಸಮಿತಿ ಕಟ್ಟಿದ ಭದ್ರಾವತಿ ಈ ವಿಮಾನ ನಿಲ್ದಾಣಕ್ಕೆ ಎಷ್ಟು ದೂರ ಹೇಳಿ? ಸೋಗಾನೆ ಇರೋದೇ ಶಿವಮೊಗ್ಗ ಭದ್ರಾವತಿ ಎರಡರ ಮಗ್ಗುಲಲ್ಲಿ. ಸಿದ್ಲಿಪುರದ ಭೂಹೋರಾಟ ನಡೆದದ್ದೂ ಆ ಭದ್ರಾವತಿ ಕಡೆಯೇ.

ಈಗ ಎರಡೂ ಚರಿತ್ರೆ ಕೂಡಿಸಿ ನೋಡಿ. ಸರ್ಕಾರಕ್ಕೆ ಯೋಜನೆ ಬಂದಾಗ ಮೊದಲು ಹುಡುಕೋದು ಸರ್ಕಾರಿ ಜಮೀನನ್ನೇ. ಖರ್ಚು ಕಮ್ಮಿ, ಕೋರ್ಟು ಕಮ್ಮಿ. ಸೋಗಾನೆ ಊರಿನ ಹೆಸರು ನೋಡಿ, ವಿಮಾನ ನಿಲ್ದಾಣ ಅದರದ್ದೇ, ಜಿಲ್ಲೆಯ ಕೇಂದ್ರ ಕಾರಾಗೃಹವೂ ಅಲ್ಲೇ. ಸ್ವಾಧೀನದ ಅಧಿಕಾರಿ ಪಹಣಿ ತೆಗೆದು 9ನೇ ಕಾಲಂ ನೋಡ್ತಾನೆ. ಅಲ್ಲಿ ‘ಸರ್ಕಾರ’ ಅಂತಿದ್ರೆ ಪರಿಹಾರದ ಪ್ರಶ್ನೆ ಅಲ್ಲಿಗೇ ಮುಗೀತು. ಉಳುತ್ತಿದ್ದವನು ಅತಿಕ್ರಮಣದಾರ. ಪರಿಶಿಷ್ಟರ ಭೂಮಿ ಕಾಯೋ 1978ರ ಪಿಟಿಸಿಎಲ್ ಕಾಯಿದೆಯೂ ಅವನ ಕೈ ಹಿಡಿಯಲ್ಲ, ಯಾಕಂದ್ರೆ ಅದು ಕಾಯೋದು ಮಂಜೂರಾದ ಭೂಮಿಯನ್ನ. ಇನ್ನು ಆ ಹೊಲಗಳಲ್ಲಿ ಕೂಲಿ ಮಾಡ್ತಿದ್ದ ಹೆಂಗಸರು ಯಾವ ಕಾಲಂನಲ್ಲೂ ಬರಲ್ಲ. ಮೂರು ವರ್ಷ ಅಲ್ಲೇ ದುಡಿದ ಕೃಷಿ ಕೂಲಿಗಳನ್ನೂ ‘ಬಾಧಿತ ಕುಟುಂಬ’ ಅಂತ ಒಪ್ಪಿದ್ದು 2013ರ ಕಾಯಿದೆಯೇ.

ನಾನು ವಿಮಾನ ನಿಲ್ದಾಣ ಬೇಡ ಅಂತಿಲ್ಲ. ನಮ್ಮ ಮಕ್ಕಳೂ ವಿಮಾನ ಹತ್ತಲಿ, ಪೈಲಟ್ ಆಗಲಿ. ನನ್ನ ಮಾತು ಇಷ್ಟೇ. ದೇಶದ ಬಹಳಷ್ಟು ನಿಲ್ದಾಣ ಕೇಂದ್ರದ ಪ್ರಾಧಿಕಾರದ ಕೈಲಿವೆ. ಶಿವಮೊಗ್ಗದ್ದು ಹಾಗಲ್ಲ. ಕರ್ನಾಟಕದಲ್ಲಿ ರಾಜ್ಯ ಸರ್ಕಾರ ತನ್ನ ಕೆಎಸ್‌ಐಐಡಿಸಿ ಮೂಲಕ ತಾನೇ ನಡೆಸೋಕೆ ಇಳಿದ ಮೊದಲ ವಿಮಾನ ನಿಲ್ದಾಣ ಇದು. ಹಾಗಾಗಿ ದೆಹಲಿ ಕಡೆ ಬೆರಳು ತೋರಿಸೋಕೆ ಆಗಲ್ಲ. ಮೂರು ಪಟ್ಟಿ ಬಹಿರಂಗ ಮಾಡಲಿ: ಪರಿಹಾರ ಪಡೆದವರದ್ದು, ಅರ್ಜಿ ಹಾಕಿಯೂ ಹಕ್ಕುಪತ್ರ ಸಿಗದೆ ಜಾಗ ಬಿಟ್ಟವರದ್ದು, ಇವತ್ತು ಒಳಗೆ ಕೆಲಸ ಮಾಡ್ತಿರುವವರದ್ದು. ಕಸ ಗುಡಿಸೋ ಕೆಲಸದಲ್ಲಿ ಯಾರಿದ್ದಾರೆ, ಕುರ್ಚಿ ಮೇಲೆ ಯಾರಿದ್ದಾರೆ, ಜಾತಿವಾರು ಗೊತ್ತಾಗಲಿ. ಮುಂದೆ ಯಾವ ಊರಲ್ಲಿ ನಿಲ್ದಾಣಕ್ಕೆ ಅಳತೆ ಶುರುವಾದ್ರೂ ಅಲ್ಲಿನ ಗೆಳೆಯರು ಮೊದಲ ದಿನವೇ ಫಾರಂ 50, 53, 57ರ ಬಾಕಿ ಅರ್ಜಿಗಳ ನಕಲು ಕೇಳಿ ಇಟ್ಕೊಳ್ಳಿ. ಅಳತೆ ಮುಗಿದ ಮೇಲೆ ಕೇಳಿದ್ರೆ ಕಡತ ಸಿಗಲ್ಲ.

ಕುವೆಂಪು ಹೆಸರು ಇಟ್ಟದ್ದು ಒಳ್ಳೇದೇ ಆಯ್ತು. ‘ಮಲೆಗಳಲ್ಲಿ ಮದುಮಗಳು’ ಓದಿದವರಿಗೆ ಗೊತ್ತು, ಆ ಕಾಡೆಲ್ಲ ತಿರುಗಿದವನು ಸಿಂಬಾವಿ ಹೆಗ್ಗಡೆಯ ಜೀತದಾಳು ನಾಯಿಗುತ್ತಿ. ಗುತ್ತಿಯನ್ನ, ತಿಮ್ಮಿಯನ್ನ ಕಾದಂಬರಿಯ ನಡುಮಧ್ಯಕ್ಕೆ ತಂದು ನಿಲ್ಲಿಸಿದವರು ಕುವೆಂಪು. ಅವರ ಹೆಸರು ಹೊತ್ತ ಜಾಗದಲ್ಲಿ ಗುತ್ತಿಯ ಮೊಮ್ಮಕ್ಕಳ ಲೆಕ್ಕ ಕೇಳೋದು ಅಧಿಕಪ್ರಸಂಗ ಆಗಲಾರದು.

ಜೈಭೀಮ್.