ಹೆಸರಿಗೆ ಸೇರಿದ ಒಂದು ಪದ

ಎಂಸಿಜಿ ಅಂದ್ರೆ ನಮಗೆ ನೆನಪಾಗೋದು ಬಾಕ್ಸಿಂಗ್ ಡೇ ಟೆಸ್ಟ್. ಬೆಳಗಿನ ಜಾವ ಅಲಾರಾಂ ಇಟ್ಟು ಟಿವಿ ಹಾಕೋರಿಗೆ ಮೆಲ್ಬೋರ್ನ್‌ನ ಆ ಮೈದಾನ ಮನೆಯಂಗಳದಷ್ಟೇ ಪರಿಚಿತ. ಆದ್ರೆ ಅದರ ಹೊರಗೆ ಡಾನ್ ಬ್ರಾಡ್ಮನ್ ಪ್ರತಿಮೆಯಂತೆಯೇ ರಾನ್ ಬರಾಸಿ ಎಂಬುವರ ಪ್ರತಿಮೆಯೂ ಇದೆ. ಇವರು ಕ್ರಿಕೆಟಿಗರಲ್ಲ, ಆಸ್ಟ್ರೇಲಿಯನ್ ಫುಟ್‌ಬಾಲ್‌ನ ದಂತಕಥೆ. ಹುಟ್ಟಿದ್ದು 1936ರಲ್ಲಿ, ಮೆಲ್ಬೋರ್ನ್‌ನಿಂದ ಸುಮಾರು 120 ಕಿಲೋಮೀಟರ್ ದೂರದ ಕ್ಯಾಸಲ್‌ಮೈನ್ ಎಂಬ ಸಣ್ಣ ಊರಿನಲ್ಲಿ. ಫೈನಲ್‌ನ ಶ್ರೇಷ್ಠ ಆಟಗಾರನಿಗೆ ಕೊಡುವ ನಾರ್ಮ್ ಸ್ಮಿತ್ ಪದಕವನ್ನು ಮೂರು ಸಲ ಗೆದ್ದ ಡಸ್ಟಿನ್ ಮಾರ್ಟಿನ್ ಹುಟ್ಟಿದ್ದೂ ಅದೇ ಊರಲ್ಲಿ.

ಆದ್ರೆ ವೀಕ್ಷಕರೇ, ನಾನು ಹೇಳಹೊರಟಿರೋದು ಈ ಸ್ಟಾರ್‌ಗಳ ಕಥೆ ಅಲ್ಲ. ಆ ಊರ ಕ್ಲಬ್ಬಿನ ಕಥೆ. ಇನ್ನೂ ಸರಿಯಾಗಿ ಹೇಳ್ಬೇಕು ಅಂದ್ರೆ, ಅಂಥ ಕ್ಲಬ್ಬುಗಳ ಹೆಸರಿಗೆ ತಡವಾಗಿ ಸೇರಿದ ಒಂದು ಪದದ ಕಥೆ.

1851ರಲ್ಲಿ ಕ್ಯಾಸಲ್‌ಮೈನ್ ಸುತ್ತ ಚಿನ್ನ ಸಿಕ್ಕಿತು. ಜಾ ಜಾ ವುರಂಗ್ ಮೂಲನಿವಾಸಿಗಳ ನೆಲಕ್ಕೆ ಸಾವಿರಾರು ಜನ ನುಗ್ಗಿದರು. ಅತ್ತ ಮೆಲ್ಬೋರ್ನ್‌ನಲ್ಲಿ ಟಾಮ್ ವಿಲ್ಸ್ ಎಂಬ ಕ್ರಿಕೆಟಿಗ 1858ರ ಜುಲೈನಲ್ಲಿ ಪತ್ರಿಕೆಗೆ ಒಂದು ಪತ್ರ ಬರೆದ. ಚಳಿಗಾಲದಲ್ಲಿ ಕ್ರಿಕೆಟಿಗರು ಮೈ ಜಡ ಮಾಡ್ಕೊಂಡು ಕೂರೋ ಬದಲು ಫುಟ್‌ಬಾಲ್ ಆಡಲಿ ಅನ್ನೋದು ಅವನ ಸಲಹೆ. ಮರುವರ್ಷ ಮೇ ತಿಂಗಳಲ್ಲಿ ಮೆಲ್ಬೋರ್ನ್ ಕ್ಲಬ್ ನಿಯಮಗಳನ್ನು ಬರೆದಿಟ್ಟಿತು. ಅದೇ 1859ರಲ್ಲಿ ಈ ಚಿನ್ನದೂರಿನಲ್ಲೂ ಫುಟ್‌ಬಾಲ್ ಕ್ಲಬ್ ಹುಟ್ಟಿತು. ಲೆಕ್ಕ ಹಾಕಿ, ನಮ್ಮ ಸಿಪಾಯಿ ದಂಗೆಯಾಗಿ ಆಗಿನ್ನೂ ಎರಡೇ ವರ್ಷ.

ಚಿನ್ನ ಮುಗೀತು, ಕ್ಲಬ್ ಉಳೀತು. ಕಪ್ಪು ಬಿಳುಪು ಅಂಗಿ, ಕ್ಯಾಂಪ್ ರಿಸರ್ವ್ ಎಂಬ ಮೈದಾನ. ಮಹಾಯುದ್ಧಗಳು ಬಂದಾಗ ಇಂಥ ಊರುಗಳ ಆಟಗಾರರೇ ಸೈನಿಕರಾದರು. ಬರಾಸಿಯ ಅಪ್ಪನೂ ಫುಟ್‌ಬಾಲ್ ಆಟಗಾರನೇ. 1941ರಲ್ಲಿ ಟೊಬ್ರುಕ್‌ನಲ್ಲಿ ಸತ್ತಾಗ ಮಗನಿಗೆ ಐದು ವರ್ಷ.

ಇಷ್ಟು ಹೊತ್ತು ನಾನು ಹೇಳಿದ್ದು ಬರೀ ಗಂಡಸರ ಹೆಸರು, ಅಲ್ವಾ? ಹಾಗಾದ್ರೆ ಹೆಂಗಸರು ಎಲ್ಲಿದ್ದರು? ಕ್ಲಬ್ಬಿನ ಅಡುಗೆಮನೆಯಲ್ಲಿದ್ದರು. ಚಹಾ ಕಾಯಿಸಿದರು, ತಿಂಡಿ ಮಾರಿ ದುಡ್ಡು ಕೂಡಿಸಿದರು, ಕೆಸರಾದ ಅಂಗಿ ಒಗೆದರು. ದುಡಿಮೆ ಅವರದ್ದು, ಬೋರ್ಡಿನ ಮೇಲಿನ ಹೆಸರು ಮಾತ್ರ ಗಂಡಸರ ಆಟದ್ದು.

ಅವರಿಗೂ ಒಂದು ಆಟ ಇತ್ತು. ತಂಡಕ್ಕೆ ಏಳು ಜನ, ಕಂಬದ ತುದಿಗೆ ರಿಂಗು, ಹಿಂದೆ ಹಲಗೆ ಇಲ್ಲ. ಚೆಂಡು ಹಿಡಿದು ಓಡುವಂತಿಲ್ಲ, ಮೂರು ಸೆಕೆಂಡಿನೊಳಗೆ ಪಾಸ್ ಮಾಡ್ಬೇಕು. 1927ರಲ್ಲಿ ರಾಷ್ಟ್ರೀಯ ಸಂಸ್ಥೆಯಾದಾಗ ಅಲ್ಲಿ ಅದರ ಹೆಸರು ಮಹಿಳಾ ಬ್ಯಾಸ್ಕೆಟ್‌ಬಾಲ್. 1963ರ ಮೊದಲ ವಿಶ್ವ ಟೂರ್ನಿಯನ್ನು ಗೆದ್ದಾಗಲೂ ಅದೇ ಹೆಸರು. ನೆಟ್‌ಬಾಲ್ ಅಂತ ಬದಲಾಗಿದ್ದು 1970ರಲ್ಲಿ. ಮುಂದೆ ಊರೂರಲ್ಲೂ ಫುಟ್‌ಬಾಲ್ ಮೈದಾನದ ಪಕ್ಕದಲ್ಲೇ ನೆಟ್‌ಬಾಲ್ ಅಂಕಣ ಬಂತು. ಶನಿವಾರ ಅಣ್ಣ ಒಂದು ಕಡೆ, ತಂಗಿ ಇನ್ನೊಂದು ಕಡೆ. ಎದುರಾಳಿ ಊರು ಮಾತ್ರ ಒಂದೇ!

ಇಲ್ಲೇ ಇರೋದು ಅಸಲಿ ವಿಷಯ. ಯಂತ್ರಗಳು ಬಂದವು, ಹೊಲಗಳು ದೊಡ್ಡದಾದವು, ಅದರಲ್ಲಿ ದುಡಿಯೋ ಕುಟುಂಬಗಳು ಕಡಿಮೆಯಾದವು. ವಿಕ್ಟೋರಿಯಾದ ಗೋಧಿ ಸೀಮೆಯಲ್ಲಿ ಒಂದು ಊರಿಂದ ಹದಿನೆಂಟು ಆಟಗಾರರನ್ನು ಹೊಂದಿಸೋದೇ ಕಷ್ಟವಾಯ್ತು. ಕ್ಲಬ್ಬುಗಳು ಒಂದರೊಳಗೊಂದು ಸೇರಿಕೊಂಡವು. ಬರ್ಚಿಪ್-ವಾಚೆಮ್, ವೈಚಿಪ್ರೂಫ್-ನ್ಯಾರಪೋರ್ಟ್, ಸೀ ಲೇಕ್ ನ್ಯಾಂಡಲಿ. ಈ ಜೋಡಿ ಹೆಸರುಗಳನ್ನು ಓದಿದ್ರೆ ಸಾಕು, ಆ ಸೀಮೆಯ ಅರ್ಧ ಇತಿಹಾಸ ಗೊತ್ತಾಗುತ್ತೆ. ನಿನ್ನೆವರೆಗೆ ಹಣಾಹಣಿ ಕಾದಾಡಿದ ಎರಡು ಊರುಗಳು ಒಂದೇ ಅಂಗಿ ಹಾಕ್ಕೊಂಡಿವೆ. ಸುಮ್ಮನೆ ಅಲ್ಲ ಸ್ವಾಮಿ, ಅದಕ್ಕೆ ಎಷ್ಟು ಅಭಿಮಾನ ನುಂಗಿಕೊಂಡಿರಬೇಕು!

2004ರಲ್ಲಿ ವಿಕ್ಟೋರಿಯಾ ಸಂಸತ್ತಿನ ಸಮಿತಿಯೊಂದು ಗ್ರಾಮೀಣ ಫುಟ್‌ಬಾಲ್ ಬಗ್ಗೆಯೇ ವಿಚಾರಣೆ ನಡೆಸಿ ವರದಿ ಕೊಟ್ಟಿತು. ನಂತರ ಮೈದಾನ, ದೀಪ, ಅಂಕಣ, ಬಟ್ಟೆ ಬದಲಿಸೋ ಕೋಣೆಗಳಿಗೆ ಸರ್ಕಾರ ಕೊಟ್ಟ ಅನುದಾನದ ಹೆಸರಲ್ಲೇ ಫುಟ್‌ಬಾಲ್ ಜತೆ ನೆಟ್‌ಬಾಲ್ ಕೂಡ ಇತ್ತು. ಯಾಕೆ ಅಂದ್ರೆ, ಕ್ಲಬ್ ಉಳಿಬೇಕಾದ್ರೆ ಇಡೀ ಮನೆ ಮೈದಾನಕ್ಕೆ ಬರಬೇಕು. ಹುಡುಗಿಗೆ ಆಟ ಇಲ್ಲದ ಕಡೆ ಇಡೀ ಮನೆ ಯಾಕೆ ಬರುತ್ತೆ?

ಹಾಗಾಗಿ 1859ರಲ್ಲಿ ಫುಟ್‌ಬಾಲ್ ಕ್ಲಬ್ ಆಗಿ ಹುಟ್ಟಿದ್ದು ಇವತ್ತು ಕ್ಯಾಸಲ್‌ಮೈನ್ ಫುಟ್‌ಬಾಲ್ ನೆಟ್‌ಬಾಲ್ ಕ್ಲಬ್. ಅದು ಆಡೋ ಬೆಂಡಿಗೋ ಲೀಗಿನ ಹೆಸರೂ ಹಾಗೇ. ಇದನ್ನ ಹೆಂಗಸರಿಗೆ ಕೊಟ್ಟ ಉಡುಗೊರೆ ಅಂತ ಯಾರಾದ್ರೂ ಅಂದ್ರೆ ನಾನು ಒಪ್ಪಲ್ಲ. ಇದು ಸಾಲ ತೀರಿಸಿದ್ದು, ಅದೂ ಬಹಳ ತಡವಾಗಿ. ಕ್ಲಬ್ಬನ್ನು ಹೊತ್ತು ನಿಂತವರನ್ನು ಬೋರ್ಡಿನ ಮೇಲೆ ಬರೆಯೋಕೆ ಒಂದು ಶತಮಾನಕ್ಕೂ ಹೆಚ್ಚು ಕಾಲ ಹಿಡಿಯಿತು.

ಮುಂದೆ ಯಾವುದೇ ಸಂಘದ ಬೋರ್ಡು ಕಂಡಾಗ ಅದರಲ್ಲಿ ಯಾರ ಹೆಸರಿದೆ ಅಂತ ಓದಿ. ಆಮೇಲೆ ಒಳಗೆ ಹೋಗಿ, ಕೆಲಸ ಮಾಡ್ತಿರೋರು ಯಾರು ಅಂತ ನೋಡಿ. ಎರಡೂ ಒಂದೇ ಆಗಿದ್ರೆ ಆ ಸಂಘಕ್ಕೆ ಆಯಸ್ಸು ಜಾಸ್ತಿ.